ಶೀಟಿನ ಮಾಡು, ಜೂನ್ ಮಳೆ, ಒಂದು ಕಿಲೋದ ಚೀಲ

2025 ಜೂನ್ 21, ಶನಿವಾರ
ಬದಿಯಡ್ಕ, ಕಾಸರಗೋಡು

ಶಾಲೆ ತೆರೆದದ್ದು ಜೂನ್ 2ಕ್ಕೆ. ನಡುವಿನ ರಜೆಗಳನ್ನು ಕಳೆದರೆ ಮಕ್ಕಳು ತರಗತಿಯಲ್ಲಿ ಕೂತದ್ದು ಎರಡು ವಾರ ಆದೀತಷ್ಟೆ. ದೂರುಗಳು ಬರತೊಡಗುವುದೂ ಪ್ರತಿವರ್ಷ ಈ ಹೊತ್ತಿಗೇ. "ಮಳೆ ಜೋರಾದ ಕೂಡಲೇ ಕಿವಿ ಮುಚ್ಚಿ ಬೆಂಚಿನಡಿ ಹೋಗ್ತದೆ", "ಊಟದ ಬೆಲ್ಲು ಹೊಡೆದರೆ ಅಳು", "ಹೊಸ ಯೂನಿಫಾರ್ಮ್ ಹಾಕ್ಲಿಕ್ಕೆ ಬಿಡುವುದೇ ಇಲ್ಲ". ಎರಡು ತಿಂಗಳು ಮನೆಯ ಜಗಲಿಯಲ್ಲಿ ತನ್ನ ಪಾಡಿಗೆ ಇದ್ದ ಮಗುವಿನ ಮೇಲೆ ಸದ್ದು, ವಾಸನೆ, ಒದ್ದೆ ಬಟ್ಟೆ, ಜನ ಎಲ್ಲ ಒಂದೇ ವಾರದಲ್ಲಿ ಬಂದು ಬಿದ್ದಿರುತ್ತದೆ. ಆಟಿಸಂ ಇರುವ, ಸದ್ದು–ವಾಸನೆ–ಸ್ಪರ್ಶಕ್ಕೆ ಅತಿ ಸೂಕ್ಷ್ಮವಾದ ಮಕ್ಕಳಿಗೆ ಈ ಹೊರೆ ತಡೆಯುವುದಿಲ್ಲ. ಇವತ್ತಿನ ಪುಟ ಪೂರ್ತಿ ಅವರಿಗೇ.

ಮೊದಲು ಮಾಡಿನ ವಿಷಯ. ಹಂಚಿನ ಮಾಡಿನಡಿ ಮಳೆಯ ಸದ್ದು ಬೇರೆ, ತಗಡಿನ ಶೀಟಿನಡಿ ಬೇರೆ. ತೆಳು ಶೀಟು ಚೆಂಡೆಯ ಚರ್ಮದ ಹಾಗೆ ಇಡೀ ನಡುಗುತ್ತದೆ. ಕೆಳಗೆ ಸಿಮೆಂಟು ನೆಲ, ಬರಿಯ ಗೋಡೆ. ಸದ್ದು ಹೋಗಲು ಜಾಗವಿಲ್ಲದೆ ಅಲ್ಲೇ ಸುತ್ತುತ್ತದೆ. ಆಗ ಟೀಚರ್ ಮಾಡುವ ತಪ್ಪು ಒಂದೇ, ಮಳೆಗಿಂತ ಜೋರಾಗಿ ಪಾಠ ಹೇಳುವುದು. ಸದ್ದಿಗೆ ಸೂಕ್ಷ್ಮವಾದ ಮಗುವಿಗೆ ಈಗ ಎರಡು ಸದ್ದು. ಜೋರು ಮಳೆ ಬಂದಾಗ ಬಾಯಿಪಾಠ ನಿಲ್ಲಿಸಿ ಇಡೀ ತರಗತಿಗೆ ಬರೆಯುವ ಅಥವಾ ಚಿತ್ರದ ಕೆಲಸ ಕೊಡಿ. ಹತ್ತು ನಿಮಿಷದಲ್ಲಿ ಮಳೆಯ ಜೋರು ಸಾಮಾನ್ಯವಾಗಿ ಇಳಿಯುತ್ತದೆ. ಇಳಿಯದಿದ್ದರೆ ಮಗುವನ್ನು, ಜೊತೆಗೆ ಒಬ್ಬ ಗೆಳೆಯನನ್ನೂ, ಸ್ಲ್ಯಾಬ್ ಇರುವ ಕೋಣೆಗೆ ಕಳಿಸಿ. ಒಂಟಿಯಾಗಿ ಕಳಿಸಿದರೆ ಅದು ಶಿಕ್ಷೆ ಎಂದು ಮಗುವಿಗೂ ಅನಿಸುತ್ತದೆ, ಉಳಿದವರಿಗೂ ಅನಿಸುತ್ತದೆ.

ಹಿಂದಿನ ಗೋಡೆಗೆ ನಾಲ್ಕು ಹಳೆಯ ಚಾಪೆ ತೂಗುಹಾಕಿದರೆ ಪ್ರತಿಧ್ವನಿ ತಗ್ಗುತ್ತದೆ. ಬೆಂಚು ಕುರ್ಚಿಗಳ ಕಾಲಿಗೆ ರಬ್ಬರ್ ಬುಶ್ ಹಾಕಿಸಿ. ನೆಲಕ್ಕೆ ಕಬ್ಬಿಣ ಉಜ್ಜುವ 'ಕಿರ್ರ್' ನಮಗೆ ಅಭ್ಯಾಸವಾಗಿ ಹೋಗಿದೆ, ಈ ಮಕ್ಕಳಿಗೆ ಆಗುವುದಿಲ್ಲ. ಹಳೆಯ ಚೋಕಿನ ಟ್ಯೂಬ್‌ಲೈಟನ್ನೂ ನೋಡಿ. ನಮ್ಮ ಕರೆಂಟು 50 ಹರ್ಟ್ಸ್, ಆ ಟ್ಯೂಬು ಸೆಕೆಂಡಿಗೆ 100 ಸಲ ಮಿಣುಕುತ್ತದೆ, ಚೋಕು ಗುಂಯ್ಗುಡುತ್ತದೆ. ಒಳ್ಳೆಯ ಎಲ್‌ಇಡಿ ಟ್ಯೂಬ್ ಹಾಕಿದರೆ ಎರಡೂ ಹೋಗುತ್ತವೆ.

ಕಿವಿ ಮುಚ್ಚುವ ಇಯರ್‌ಮಫ್ ಬಗ್ಗೆ ಪ್ರತಿವಾರ ಯಾರಾದರೂ ಕೇಳುತ್ತಾರೆ. ಹಾರ್ಡ್‌ವೇರ್ ಅಂಗಡಿಯಲ್ಲಿ ಕೆಲಸಗಾರರಿಗೆಂದು ಸಿಗುವುದೂ ಸಾಕು, ತಲೆಪಟ್ಟಿ ಮಗುವಿನ ತಲೆಗೆ ಸಡಿಲವಾಗಿ ಜಾರದಿದ್ದರೆ ಸರಿ. ಅದು ಬೇಕಾದದ್ದು ಗುಡುಗು–ಮಳೆಗೆ, ಸಭೆಗೆ, ಬಸ್ಸಿಗೆ. ತುಲಾಮಾಸದ ಹತ್ತು ಕಳೆದ ಮೇಲೆ ತೆಯ್ಯಂ, ಉತ್ಸವ, ಕದಿನ, ಗರ್ನಾಲಿನಂಥ ಸಿಡಿಮದ್ದಿನ ದಿನಗಳಿಗೆ. ಬೆಳಗ್ಗಿಂದ ಸಂಜೆವರೆಗೆ ಹಾಕಿಸಿಡಬೇಡಿ. ಕಿವಿ ಮೌನಕ್ಕೇ ಒಗ್ಗಿಹೋಗಿ, ತೆಗೆದಾಗ ಮಿಕ್ಸಿಯ ಸದ್ದೂ ಚುಚ್ಚತೊಡಗುತ್ತದೆ. ಇನ್ನೊಂದು: ಈವರೆಗೆ ಇಲ್ಲದ ಕಿವಿಯ ತೊಂದರೆ ಈ ತಿಂಗಳು ಹೊಸದಾಗಿ ಸುರುವಾದರೆ ಮೊದಲು ಇಎನ್‌ಟಿ ಡಾಕ್ಟರರಿಗೆ ತೋರಿಸಿ. ಶೀತದ ಹಿಂದೆಯೇ ಕಿವಿ ಸೋಂಕು ಬರುವ ಕಾಲ ಇದು. ಮಾತು ಬಾರದ ಮಗು ನೋವನ್ನು ಹೇಳುವುದು ಕಿವಿ ಮುಚ್ಚಿ, ತಲೆ ಬಡಿದು.

ಹಟಕ್ಕೂ ಹೊರೆ ತಾಳದೆ ಕುಸಿಯುವುದಕ್ಕೂ ವ್ಯತ್ಯಾಸ ಕಾಣುವುದು ಹೇಗೆ? ಹಟದ ಮಗು ಅಳುತ್ತಾ ಅಳುತ್ತಾ ನಿಮ್ಮ ಮುಖ ನೋಡುತ್ತದೆ, ಕೇಳಿದ್ದು ಸಿಕ್ಕಿದರೆ ನಿಲ್ಲಿಸುತ್ತದೆ. ಹೊರೆ ಮೀರಿ ಕುಸಿದ ಮಗುವಿಗೆ ಚಾಕಲೇಟು ಕೊಟ್ಟರೂ ನಿಲ್ಲಿಸಲು ಆಗುವುದಿಲ್ಲ, ನೋಡುವವರಿದ್ದಾರೋ ಇಲ್ಲವೋ ಅದಕ್ಕೆ ಲೆಕ್ಕವಿಲ್ಲ. ಕುಸಿಯುವ ಮೊದಲು ದೇಹ ಸೂಚನೆ ಕೊಟ್ಟಿರುತ್ತದೆ: ಕಿವಿ ಕೆಂಪಾಗುವುದು, ಅಂಗಿಯ ಕಾಲರ್ ಜಗಿಯುವುದು, ಒಂದೇ ಪ್ರಶ್ನೆ ಹತ್ತು ಸಲ, ತುದಿಗಾಲಲ್ಲಿ ನಡಿಗೆ, ಇದ್ದಕ್ಕಿದ್ದ ಹಾಗೆ ನಗು. ಪ್ರತಿ ಮಗುವಿನದು ಬೇರೆ. ಅಮ್ಮನಿಗೆ ಅದು ಬಾಯಿಪಾಠ ಇರುತ್ತದೆ, ಶಾಲೆಗೆ ಗೊತ್ತಿರುವುದಿಲ್ಲ. ಮೂರು ಸೂಚನೆಗಳನ್ನು ಒಂದು ಕಾರ್ಡಿನಲ್ಲಿ ಬರೆದು ಟೀಚರ್ ಮೇಜಿನ ಮೇಲೆ ಇಡಿ, ಕನ್ನಡದಲ್ಲೂ ಮಲಯಾಳದಲ್ಲೂ. ಬಿ.ಆರ್.ಸಿ.ಯಿಂದ (ಬ್ಲಾಕ್ ಸಂಪನ್ಮೂಲ ಕೇಂದ್ರ) ಬರುವ ಸ್ಪೆಷಲ್ ಎಜುಕೇಟರ್‌ಗೆ ಕನ್ನಡ ಓದಲು ಬಾರದೆ ಇರಬಹುದು.

ಕುಸಿದ ಮೇಲೆ ಮಾಡುವುದು ಕಡಿಮೆ, ನಿಲ್ಲಿಸುವುದು ಹೆಚ್ಚು. ಲೈಟು ಆರಿಸಿ, ಫ್ಯಾನು ಇರಲಿ. ಉಳಿದ ಮಕ್ಕಳನ್ನು ಹೊರಗೆ ಕರೆದುಕೊಂಡು ಹೋಗಿ. ಕುಸಿದವನನ್ನು ಎಳೆದುಕೊಂಡು ಹೋಗುವುದಕ್ಕಿಂತ ಅದು ಸುಲಭ. ಎದುರು ನಿಲ್ಲಬೇಡಿ, ಒಂದು ಬದಿಗೆ, ಒಂದೂವರೆ ಮಾರು ದೂರದಲ್ಲಿ ನೆಲದ ಮೇಲೆ ಕೂರಿ. ಬಾಗಿಲಿಗೆ ಅಡ್ಡ ಕೂತರೆ ಹೆದರಿಕೆ ಹೆಚ್ಚುತ್ತದೆ. ಮಾತು ಮೂರೇ ಶಬ್ದ, ತಗ್ಗಿದ ದನಿ, ಆಮೇಲೆ ಹತ್ತು ಎಣಿಸುವಷ್ಟು ಮೌನ. 'ಬಾ' ಎನ್ನಲು ಮನೆಯಲ್ಲಿ ತುಳುವಿನ 'ಬಲ' ಎಂದು ಕರೆಸಿಕೊಳ್ಳುವ ಮಗುವಿಗೆ 'ಬಲ' ಎನ್ನಿ, ಮಲಯಾಳದ 'ವಾ' ಕೇಳಿ ಬೆಳೆದದ್ದಕ್ಕೆ 'ವಾ'. ನಮ್ಮ ಊರಿನ ಮಗು ಮನೆಯಲ್ಲಿ ತುಳು, ತರಗತಿಯಲ್ಲಿ ಕನ್ನಡ, ಬಸ್ಸಿನಲ್ಲಿ ಮಲಯಾಳ ಎಂದು ದಿನಕ್ಕೆ ಮೂರು ಭಾಷೆ ದಾಟುತ್ತದೆ. ತಲೆ ತುಂಬಿ ತುಳುಕುವಾಗ ಕೊನೆಗೆ ಉಳಿಯುವುದು ಮನೆಯ ಮಾತು. "ಏನಾಯ್ತು? ಯಾಕೆ ಹೀಗೆ ಮಾಡಿದ್ದು?" ಎಂಬ ವಿಚಾರಣೆ ಅವತ್ತಿಗೆ ಬೇಡವೇ ಬೇಡ. ಅಳು ನಿಂತರೂ ದೇಹ ತಣಿಯಲು ಅರ್ಧ ಗಂಟೆ ಬೇಕಾಗಬಹುದು, ಕೆಲವರಿಗೆ ಇಡೀ ಮಧ್ಯಾಹ್ನ. ಒಂದೊಂದು ಗುಟುಕು ನೀರು, ಹೊದೆಯಲು ಬೈರಾಸು, ಸಾಕು.

ಓಡುವ ಅಭ್ಯಾಸದ ಮಕ್ಕಳಿದ್ದರೆ ಈ ತಿಂಗಳು ಕಾವಲು ಬಿಗಿ ಮಾಡಿ. ಇಂಥ ಮಕ್ಕಳಲ್ಲಿ ಹಲವರಿಗೆ ನೀರಿನ ಸೆಳೆತ ಜಾಸ್ತಿ. ಮದಕ, ತೋಟದ ಕೆರೆ, ಕಟ್ಟೆ ಇಲ್ಲದ ಬಾವಿ, ಎಲ್ಲಕ್ಕಿಂತ ಮುಖ್ಯವಾಗಿ ಕೆಲಸ ನಿಲ್ಲಿಸಿ ಬಿಟ್ಟುಹೋದ ಮುರಕಲ್ಲಿನ ಕೋರೆಗಳು, ಜೂನ್ ಕೊನೆಗೆ ಇವೆಲ್ಲ ತುಂಬಿರುತ್ತವೆ. ಮಗು ಕಾಣದಾದರೆ ಮೊದಲು ಹುಡುಕಬೇಕಾದದ್ದು ನೀರಿನ ಬದಿ, ಆಮೇಲೆ ರಸ್ತೆ. ಕೈಹಿಡಿದು ತಡೆಯಲೇಬೇಕಾದ ಸಂದರ್ಭ ಇದೊಂದೇ.

ಇನ್ನು ಮಗುವನ್ನು ತಣಿಸಲೆಂದು ತೊಡೆಯ ಮೇಲಿಡುವ ಭಾರದ ಚೀಲ. ಅಂಗಡಿಯ ಬೆಲೆ ಕೇಳಿದರೆ ತಲೆ ತಿರುಗುತ್ತದೆ, ಹೊಲಿಗೆ ಮೆಷಿನ್ ಇರುವ ಮನೆಯಲ್ಲಿ ಒಂದು ಸಂಜೆಯ ಕೆಲಸ. ತೂಕ ಮಗುವಿನ ತೂಕದ ನೂರಕ್ಕೆ ಐದರಿಂದ ಸುರು ಮಾಡಿ: 20 ಕಿಲೋದ ಮಗುವಿಗೆ ಒಂದು ಕಿಲೋ. ಒಗೆದು ಒಗೆದು ಮೆತ್ತಗಾದ ಹತ್ತಿಯ ಪಂಚೆಯಿಂದ 34 ಸೆಂ.ಮೀ. ಅಗಲ, 44 ಸೆಂ.ಮೀ. ಉದ್ದದ ಎರಡು ತುಂಡು. ಸುತ್ತ ಎರಡು ಸೆಂ.ಮೀ. ಬಿಟ್ಟು ಮೂರು ಬದಿ ಹೊಲಿದು ತಿರುವಿ, ಉದ್ದಕ್ಕೆ ಎರಡು ಗೆರೆ ಹೊಲಿದರೆ 10 ಸೆಂ.ಮೀ. ಅಗಲದ ಮೂರು ಕೊಳವೆ. ಪ್ರತಿ ಕೊಳವೆಗೆ 80 ಗ್ರಾಂ ಹುಣಿಸೆ ಬೀಜ ತುಂಬಿ, ಕೊಡವಿ ತಳಕ್ಕಿಳಿಸಿ, 10 ಸೆಂ.ಮೀ.ಗೆ ಅಡ್ಡ ಹೊಲಿಗೆ. ಹೀಗೆ ನಾಲ್ಕು ಸಾಲು, ಒಟ್ಟು ಹನ್ನೆರಡು ಮನೆ, 960 ಗ್ರಾಂ; ಬಟ್ಟೆ ಸೇರಿ ಹೆಚ್ಚುಕಡಿಮೆ ಒಂದು ಕಿಲೋ ಆಗುತ್ತದೆ. ಮನೆಗಳಿಲ್ಲದೆ ದೊಡ್ಡ ಚೀಲಕ್ಕೆ ತುಂಬಿದರೆ ಎಲ್ಲ ಒಂದು ಮೂಲೆಗೆ ಜಾರಿ ಚೀಲ ತೊಡೆಯಿಂದ ಬೀಳುತ್ತದೆ. ಅಡ್ಡ ಹೊಲಿಯುವ ಮೊದಲು ಪಿನ್ನು ಚುಚ್ಚಿ ಬೀಜಗಳನ್ನು ಆಚೆ ತಡೆಯಿರಿ, ಇಲ್ಲದಿದ್ದರೆ ಮೆಷಿನಿನ ಸೂಜಿ ಬೀಜಕ್ಕೆ ತಾಗಿ ಮುರಿಯುತ್ತದೆ. ಮುರಿದ ತುದಿ ಒಳಗೆ ಉಳಿದರೆ ಆ ಚೀಲ ಬಿಸಾಡುವುದೇ.

ಏನು ತುಂಬುವುದು? ಅಕ್ಕಿ, ಹೆಸರುಕಾಳು ಎಂದು ಪೇಟೆಯ ಪುಸ್ತಕಗಳಲ್ಲಿ ಇರುತ್ತದೆ. ನಮ್ಮ ಮಳೆಗಾಲಕ್ಕೆ ಅದು ನಡೆಯುವುದಿಲ್ಲ. ಬೂಸ್ಟು ಹಿಡಿದು ವಾಸನೆ, ಆಮೇಲೆ ಹುಳ, ವಾಸನೆಗೆ ಸೂಕ್ಷ್ಮವಾದ ಮಗು ಮುಟ್ಟುವುದೂ ಇಲ್ಲ. ಹುಣಿಸೆ ಬೀಜ ತೊಳೆದು, ಬಾಣಲೆಯಲ್ಲಿ ಸಣ್ಣ ಉರಿಗೆ ಹತ್ತು ನಿಮಿಷ ಬಿಸಿ ಮಾಡಿ, ಪೂರ್ತಿ ತಣಿದ ಮೇಲೆ ತುಂಬಿ. ಚಂದ ಕಾಣುತ್ತದೆಂದು ಕೆಂಪು ಬೀಜದ ತಂಟೆಗೆ ಹೋಗಲೇಬೇಡಿ. ಮಂಜಾಡಿ ಎಂದುಕೊಂಡು ಕಪ್ಪು ಬೊಟ್ಟಿನ ಗುಲಗಂಜಿ ಸೇರಿಬಿಟ್ಟರೆ, ಒಂದು ಬೀಜ ಜಗಿದರೂ ಪ್ರಾಣಕ್ಕೆ ಅಪಾಯ. ಹೊರಗೆ ಬೇರೆ ಗವಸು ಹಾಕಿ, ವಾರಕ್ಕೊಮ್ಮೆ ಅದನ್ನಷ್ಟೇ ಒಗೆಯಿರಿ. ವೆಲ್ವೆಟ್ ಬೇಡ, ಬೆವರಿಗೆ ಅಂಟುತ್ತದೆ.

ಬಳಸುವುದು ತೊಡೆಯ ಮೇಲೆ ಮಾತ್ರ. ಹೊಟ್ಟೆ, ಎದೆಯ ಮೇಲೆ ಅಲ್ಲ, ಮಲಗುವಾಗ ಅಲ್ಲ. ತಾನೇ ತಳ್ಳಿಹಾಕಲು ಆಗದ ಮಗುವಿಗೆ ಕೊಡಲೇಬಾರದು, ಮೂರು ವರ್ಷದೊಳಗಿನವರಿಗೂ ಬೇಡ. ಫಿಟ್ಸ್, ಉಬ್ಬಸ, ಹೃದಯದ ತೊಂದರೆ ಇದ್ದರೆ ಡಾಕ್ಟರರನ್ನು ಕೇಳಿಯೇ. 15–20 ನಿಮಿಷ ಆದ ಮೇಲೆ ತೆಗೆಯಿರಿ, ಮೈ ಅದಕ್ಕೆ ಒಗ್ಗಿಹೋದರೆ ಪ್ರಯೋಜನ ಇಲ್ಲ. ಪೂರ್ತಿ ಕುಸಿದಾಗ ತಂದು ಹೊರಿಸಿದರೆ ಅದೂ ಇನ್ನೊಂದು ಹಿಂಸೆಯೇ. ಇದು ಮೊದಲ ಸೂಚನೆ ಕಂಡಾಗಿನ ವಸ್ತು.

ಇದರಿಂದ ಎಲ್ಲ ಸರಿಹೋಗುತ್ತದೆ ಎಂದು ಮಾರುವವರನ್ನು ನಂಬಬೇಡಿ. ಇಂಥ ಉಪಾಯಗಳ ಹಿಂದಿರುವುದು ಸಂವೇದನೆಗಳ ಜೋಡಣೆಯ (ಸೆನ್ಸರಿ ಇಂಟಿಗ್ರೇಶನ್) ವಿಚಾರ, ಎಂದರೆ ಸದ್ದು, ಸ್ಪರ್ಶ, ಚಲನೆಗಳನ್ನು ಮಿದುಳು ಹೊಂದಿಸಿಕೊಳ್ಳುವ ಬಗೆ. ಅದನ್ನು ಕಟ್ಟಿದವರು ಅಮೆರಿಕದ ಆಕ್ಯುಪೇಶನಲ್ ಥೆರಪಿಸ್ಟ್ ಜೀನ್ ಏರ್ಸ್, 1972ರಲ್ಲಿ ಅವರ ಮುಖ್ಯ ಪುಸ್ತಕ ಬಂತು. ಅಲ್ಲಿನದೇ ಮಕ್ಕಳ ವೈದ್ಯರ ಅಕಾಡೆಮಿ 2012ರಲ್ಲಿ, ಇಂಥ ಥೆರಪಿಗಳಿಗೆ ಆಧಾರ ಇನ್ನೂ ಕಡಿಮೆ ಎಂದು ಹೆತ್ತವರಿಗೆ ತಿಳಿಸಬೇಕು ಎಂದಿತು. ಆಟಿಸಂ ಇರುವ ಮಕ್ಕಳಿಗೆ ಭಾರದ ಹೊದಿಕೆ ಕೊಟ್ಟು 2014ರಲ್ಲಿ ಪ್ರಕಟವಾದ ಬ್ರಿಟನ್ನಿನ ಪರೀಕ್ಷೆಯಲ್ಲಿ ನಿದ್ದೆ ಅಳತೆಗೆ ಸಿಗುವಷ್ಟು ಹೆಚ್ಚಲಿಲ್ಲ. ಮಕ್ಕಳೂ ಹೆತ್ತವರೂ ಮಾತ್ರ ಆ ಹೊದಿಕೆಯನ್ನು ಮೆಚ್ಚಿದರು. ಹಾಗಾಗಿ ನಿಮ್ಮ ಮಗುವಿನ ಮಟ್ಟಿಗೆ ಎರಡು ವಾರ ಬರೆದಿಟ್ಟು ನೋಡಿ: ಎಷ್ಟು ಹೊತ್ತಿಗೆ ಸೂಚನೆ ಕಂಡಿತು, ಏನು ಕೊಟ್ಟಿರಿ, ಎಷ್ಟು ನಿಮಿಷಕ್ಕೆ ತಣಿಯಿತು. ಬದಲಾವಣೆ ಇಲ್ಲದಿದ್ದರೆ ಚೀಲ ಕಪಾಟಿಗೆ.

ಖರ್ಚಿಲ್ಲದ ಉಪಾಯ ಭಾರದ ಕೆಲಸ. ಸ್ನಾಯು, ಕೀಲುಗಳಿಗೆ ಎಳೆತ–ಒತ್ತಡ ಸಿಕ್ಕಿದರೆ ಹಲವು ಮಕ್ಕಳು ತಣಿಯುತ್ತಾರೆ. ಅರ್ಧ ಬಕೆಟ್ ನೀರು ಹೊರುವುದು, ಗೋಡೆಯನ್ನು ಹತ್ತು ಎಣಿಸುವವರೆಗೆ ತಳ್ಳುವುದು, ಚಪಾತಿ ಹಿಟ್ಟು ನಾದುವುದು. ಇವೆಲ್ಲಕ್ಕಿಂತ ಒಳ್ಳೆಯದು ಅಡಿಕೆ ಹಾಳೆ. ಒಬ್ಬ ಕೂರುವುದು, ಇನ್ನೊಬ್ಬ ಎಳೆಯುವುದು, ಐದು ನಿಮಿಷ ಬಿಟ್ಟು ಅದಲುಬದಲು. ಎಳೆಯುವವನಿಗೆ ಭಾರ, ಕೂತವನಿಗೆ ಒಂದೇ ದಿಕ್ಕಿನ ನಿಧಾನ ಚಲನೆ. ಗರಗರ ತಿರುಗಿಸಿದರೆ ತಣಿಯುವ ಬದಲು ಕೆರಳುತ್ತಾರೆ, ಕೆಲವರು ಬಿಳಿಚಿ ವಾಂತಿ ಮಾಡುತ್ತಾರೆ. ಈಗ ಅಂಗಳ ಪಾಚಿ ಕಟ್ಟಿ ಜಾರುವುದರಿಂದ ಆಟ ಶಾಲೆಯ ಜಗಲಿಯಲ್ಲಿ. ಸೀರೆಯ ಉಯ್ಯಾಲೆಗೂ ಇದೇ ಲೆಕ್ಕ, ಮುಂದೆ–ಹಿಂದೆ ಒಂದೇ ತಾಳ. ದೊಡ್ಡವರು ಪಕ್ಕದಿಂದ ಕದಲಬಾರದು, ಬಟ್ಟೆ ಕುತ್ತಿಗೆಗೆ ಸುತ್ತಿಕೊಳ್ಳುವುದು ಕ್ಷಣದ ಕೆಲಸ.

ಇವತ್ತು ಯೋಗ ದಿನ. ಮೈಕಿನಲ್ಲಿ "ದೀರ್ಘವಾಗಿ ಉಸಿರೆಳೆದುಕೊಳ್ಳಿ" ಎಂದು ಕಿರುಚುವುದನ್ನು ಕೇಳಿಯೇ ಎಷ್ಟೋ ಮಕ್ಕಳ ಉಸಿರು ಕಟ್ಟಿರಬಹುದು. ತಣಿಸುವುದು ಬಿಡುವ ಉಸಿರು: ಮೂರು ಎಣಿಸಿ ಎಳೆದರೆ ಆರು ಎಣಿಸಿ ಬಿಡಬೇಕು. ಸಣ್ಣವರಿಗೆ ಎಣಿಕೆ ಬೇಡ, ಪಪ್ಪಾಯಿ ದಂಟಿನಲ್ಲಿ ಸೋಪಿನ ಗುಳ್ಳೆ ಊದಿಸಿ. ಜೋರಾಗಿ ಊದಿದರೆ ಗುಳ್ಳೆ ಒಡೆಯುತ್ತದೆ, ನಿಧಾನ ಊದಿದರೆ ದೊಡ್ಡದಾಗುತ್ತದೆ. ಪಾಠ ಗುಳ್ಳೆಯೇ ಹೇಳಿಕೊಡುತ್ತದೆ. ದಂಟನ್ನು ಹಿಂದಿನ ದಿನವೇ ಕೊಯ್ದು ಹಾಲು ಸೋರಿಸಿ ತೊಳೆದಿಡಿ, ಇಲ್ಲದಿದ್ದರೆ ತುಟಿ ತುರಿಸುತ್ತದೆ. ಕಲಿಸುವುದು ಮಗು ಖುಷಿಯಾಗಿರುವಾಗ, ದಿನಕ್ಕೆ ಎರಡು ಸಲ, ಎರಡೆರಡು ನಿಮಿಷ.

ಯೂನಿಫಾರ್ಮ್: ಹಾಕುವ ಮೊದಲು ಮೂರು ಸಲ ಒಗೆಯಿರಿ, ಗಂಜಿ ಬೇಡ. ಕಾಲರಿನ ಲೇಬಲನ್ನು ಕತ್ತರಿಯಿಂದ ಕತ್ತರಿಸಿದರೆ ಉಳಿದ ಅಂಚು ಇನ್ನೂ ಚುಚ್ಚುತ್ತದೆ, ಹೊಲಿಗೆ ಬಿಚ್ಚಿಯೇ ತೆಗೆಯಬೇಕು. ಒದ್ದೆಯಾದರೆ ಬದಲಿಸಲು ಒಂದು ಜೊತೆ ಶಾಲೆಯ ಚೀಲದಲ್ಲಿರಲಿ.

ಊಟದ ಹೊತ್ತಿನದು ಸ್ಟೀಲು ಬಟ್ಟಲು, ಸಾಂಬಾರಿನ ಘಾಟು, ಸಾಲಿನ ನೂಕುನುಗ್ಗಲು ಮೂರೂ ಸೇರಿದ ತೊಂದರೆ. ಬೆಲ್ಲಿಗೆ ಐದು ನಿಮಿಷ ಮೊದಲು ಮಗುವನ್ನು ಕಳಿಸಿ, ಗೋಡೆಗೆ ಬೆನ್ನು ಕೊಟ್ಟು ಕೂರುವ ತುದಿಯ ಜಾಗ ದಿನವೂ ಅದಕ್ಕೇ ಇರಲಿ. ಬೆಲ್ಲು, ಬಟ್ಟಲು, ಕೈತೊಳೆಯುವುದು, ಆಟ: ನಾಲ್ಕು ಚಿತ್ರ ಅಂಟಿಸಿದ ಪಟ್ಟಿ ಮೇಜಿನ ಮೇಲಿದ್ದರೆ ಮುಂದೇನು ಎಂಬ ಭಯ ಅರ್ಧ ಇಳಿಯುತ್ತದೆ, ಚಿತ್ರಕ್ಕೆ ಯಾವ ಭಾಷೆಯೂ ಬೇಡ. ಸೋಮವಾರದ ಪಟ್ಟಿಯಲ್ಲಿ ಐದನೆಯ ಚಿತ್ರವೊಂದು ಸೇರಬೇಕು: ಕೊಡೆ. ಮಳೆಗೆ ಆಟ ರದ್ದಾಗುವ ದಿನ ಆಟದ ಚಿತ್ರದ ಮೇಲೆ ಅದನ್ನು ಅಂಟಿಸಿ, ಮಗುವಿಗೆ ಬೆಳಗ್ಗೆಯೇ ತೋರಿಸಿಬಿಡುವುದು.