ಅಣ್ಣನಿಗೆ ಸಿಂಥ್, ತಮ್ಮನಿಗೆ ಗಿಟಾರ್

ಸ್ಟುಡಿಯೋದಲ್ಲಿ ಮಿಕ್ಸಿಂಗ್ ನನ್ನ ಕೆಲಸ, ಅಂದರೆ ಹಾಡಿನ ದನಿ, ವಾದ್ಯಗಳ ಸದ್ದನ್ನು ಹದವಾಗಿ ಬೆರೆಸುವುದು. ಒಂದೇ ಮನೆಯವರ ಬ್ಯಾಂಡ್ ಬಂದರೆ ಸ್ವಲ್ಪ ಹುಷಾರಾಗಿರುತ್ತೇನೆ. ಬೆಳಗ್ಗೆ ಹಾಡಿನ ಬಗ್ಗೆ ಶುರುವಾದ ಜಗಳದಲ್ಲಿ ಊಟದ ಹೊತ್ತಿಗೆ ಚಿಕ್ಕಂದಿನ ಲೆಕ್ಕವೆಲ್ಲ ಹೊರಗೆ ಬಂದಿರುತ್ತದೆ.

ಅಂಥವರಿಗೆ ನಾನು ಹೇಳುವುದು ಕ್ಯಾಲಿಫೋರ್ನಿಯಾದ ಮಾರ್ಟಿನ್ ಅಣ್ಣತಮ್ಮಂದಿರ ಕಥೆ. ಅಣ್ಣ ರಾನಿ, ತಮ್ಮ ಜೇಸನ್. ಇಬ್ಬರೂ ಸೇರಿ 'ಡ್ಯಾನ್ಸ್ ಹೌಸ್ ಚಿಲ್ಡ್ರನ್' ಅಂತ ಗುಂಪು ಕಟ್ಟಿದರು. ಕ್ರೈಸ್ತ ಭಕ್ತಿ, ಸಿಂಥ್ (ಎಲೆಕ್ಟ್ರಾನಿಕ್ ಆಗಿ ಸದ್ದು ಹುಟ್ಟಿಸುವ ವಾದ್ಯ), ಕುಣಿಸುವ ಬೀಟ್. 1991ರಲ್ಲಿ ಒಂದು ಆಲ್ಬಮ್, 1992ರಲ್ಲಿ ಇನ್ನೊಂದು. ಅಷ್ಟೇ. ಅವರ ಲೇಬಲ್, ಅಂದರೆ ಆಲ್ಬಮ್ ಹೊರತಂದ ಕಂಪನಿ, ಬ್ಲಾಂಡ್ ವಿನೈಲ್ ಕೂಡ ಜಾಸ್ತಿ ದಿನ ಬಾಳಲಿಲ್ಲ.

ನನಗೆ ಇಷ್ಟವಾಗುವುದು ಆಮೇಲಿನದು. 1994ರಲ್ಲಿ ಟೂತ್ ಅಂಡ್ ನೇಲ್ ಎಂಬ ಒಂದೇ ಲೇಬಲ್‌ನಿಂದ ಇಬ್ಬರೂ ಬೇರೆ ಬೇರೆ ಕಟ್ಟಿಕೊಂಡ ಬ್ಯಾಂಡುಗಳ ಆಲ್ಬಮ್ ಬಂತು. ತಮ್ಮನ 'ಸ್ಟಾರ್‌ಫ್ಲೈಯರ್ 59' ಕೇಳಿದರೆ ಗಿಟಾರ್ ಡಿಸ್ಟಾರ್ಶನ್ (ಬೇಕೆಂದೇ ಒಡಕಾಗಿಸಿದ ಸದ್ದು) ಪದರದ ಮೇಲೆ ಪದರ. ದನಿ ಅದರ ಅಡಿಯಲ್ಲೆಲ್ಲೋ ಇರುತ್ತದೆ. ಅಣ್ಣನ 'ಜಾಯ್ ಎಲೆಕ್ಟ್ರಿಕ್' ಪೂರ್ತಿ ಉಲ್ಟಾ. ಅನಲಾಗ್ ಸಿಂಥ್ ಬಿಟ್ಟರೆ ಬೇರೆ ಮಾತಿಲ್ಲ, ಡ್ರಮ್ ಸದ್ದನ್ನೂ ಅದರಲ್ಲೇ ಹುಟ್ಟಿಸುವ ಹಟ. ಕಿಕ್ (ದೊಡ್ಡ ಡ್ರಮ್ಮಿನ ಗುದ್ದು) ಬೇಕಾದರೆ ಸೈನ್ ವೇವ್ ಅನ್ನುವ ಒಂದು ನಯವಾದ ಸ್ವರ ತಗೊಂಡು, ಅದರ ಪಿಚ್ಚನ್ನು ಕಣ್ಣು ಮಿಟುಕಿಸುವಷ್ಟರಲ್ಲಿ ಮೇಲಿನಿಂದ ಕೆಳಕ್ಕೆ ಬೀಳಿಸಬೇಕು. ಸ್ನೇರ್‌ಗೆ (ಚಟ್ ಅನ್ನುವ ಚಿಕ್ಕ ಡ್ರಮ್) ಬರೀ ಗುಸುಗುಡುವ ನಾಯ್ಸ್, ಅದನ್ನು ತಟಕ್ಕಂತ ಕತ್ತರಿಸಬೇಕು. ಸ್ಯಾಂಪಲ್, ಅಂದರೆ ಮೊದಲೇ ರೆಕಾರ್ಡ್ ಮಾಡಿಟ್ಟ ಸದ್ದು, ಎಳೆದು ಹಾಕಿದರೆ ಎರಡು ನಿಮಿಷದ ಕೆಲಸ. ಹೀಗೆ ಮಾಡಿದರೆ ಮಧ್ಯಾಹ್ನವೇ ಹೋಗುತ್ತದೆ. ನಾನು ಮಾಡಿ ನೋಡಿದ್ದೇನೆ, ಬೆನ್ನು ಹಿಡಿಯುತ್ತದೆ.

ಈ ಇಬ್ಬರನ್ನೂ ಒಂದೇ ಹಾಡಿನಲ್ಲಿ ಕೂರಿಸಿದ್ದರೆ ನನ್ನಂಥವನು ಏನು ಮಾಡುತ್ತಿದ್ದ? ಗಿಟಾರ್ ಸ್ವಲ್ಪ ಇಳಿಸು, ಸಿಂಥ್ ಸ್ವಲ್ಪ ಇಳಿಸು. ಯಾರಿಗೂ ಬೇಜಾರಾಗದ, ಯಾರಿಗೂ ಇಷ್ಟವಾಗದ ಮಿಕ್ಸ್ ರೆಡಿ! ನಮ್ಮ ಕೆಲಸದಲ್ಲಿ ದಿನಾ ನಡೆಯುವುದು ಇದೇ ಅಲ್ವಾ?

ಹಾಗಾಗಿ ರಾಜಿ ಮಾಡಿಸುವುದನ್ನು ಬಿಟ್ಟಿದ್ದೇನೆ. ಮೊನ್ನೆ ಚರ್ಚಿನ ಹಾಡು ಹಿಡಿದುಕೊಂಡು ಅಕ್ಕ ತಮ್ಮ ಬಂದಿದ್ದರು. ಅಕ್ಕನಿಗೆ ಕಿಕ್ ಎದೆಗೆ ಗುದ್ದಬೇಕು. "ಹಿರಿಯರು ಎದ್ದು ಹೋಗ್ತಾರೆ ಕಣೇ" ಅಂತ ತಮ್ಮ. ತಮ್ಮನನ್ನು ಟೀಗೆ ಕಳಿಸಿ ಅಕ್ಕನ ಮಿಕ್ಸ್ ಮುಗಿಸಿದೆ, ಸೇವ್ ಮಾಡಿದೆ. ಆಮೇಲೆ ಅಕ್ಕನ ಸರದಿ ಟೀಗೆ. ಕೊನೆಗೆ ಇಬ್ಬರನ್ನೂ ಕೂರಿಸಿ ಎರಡನ್ನೂ ಒಂದೇ ವಾಲ್ಯೂಮಿನಲ್ಲಿ ಕೇಳಿಸಿದೆ. ವಾಲ್ಯೂಮ್ ಸಮ ಮಾಡುವುದನ್ನು ಮಾತ್ರ ಮರೆಯಬೇಡಿ, ಜೋರಾಗಿರುವುದೇ ಚೆನ್ನಾಗಿದೆ ಅನಿಸಿಬಿಡುತ್ತದೆ.

ತಮ್ಮನದು ಭಾನುವಾರದ ಆರಾಧನೆಗೆ, ಅಕ್ಕನದು ಯೂತ್ ಕ್ಯಾಂಪಿಗೆ ಅಂತ ಅವರೇ ಹಂಚಿಕೊಂಡರು. ಎರಡು ಮಿಕ್ಸ್‌ಗೆ ಎರಡು ಬಿಲ್ ಅಂತ ನಾನು ಮೊದಲೇ ಹೇಳಿದ್ದೆ. ಅದನ್ನು ಯಾರು ಕೊಡಬೇಕು ಅಂತ ಲಿಫ್ಟ್ ಹತ್ತಿರ ಮತ್ತೆ ಶುರು ಮಾಡಿದ್ದರು. ಬಾಗಿಲು ಹಾಕಿಕೊಂಡೆ.