ಪೀ ಕೋಟಿನ ವಯಸ್ಸು ಲೇಬಲ್ ಒಂದರಿಂದಲೇ ತಿಳಿಯದು

ಅಮೆರಿಕ ನೌಕಾಪಡೆಯ ಹಳೆಯ ಪೀ ಕೋಟು, ಅಂದರೆ ನಾವಿಕರ ದಪ್ಪ ಉಣ್ಣೆಯ ಗಿಡ್ಡ ಕೋಟು, ಮಾರುವವರಲ್ಲಿ ಬಹಳ ಮಂದಿ ತಮ್ಮ ಮಾಲು ಎರಡನೇ ಮಹಾಯುದ್ಧದ್ದು ಎನ್ನುತ್ತಾರೆ. ಬೆಲೆ ಏರುವುದೂ ಆ ಒಂದು ಮಾತಿನಿಂದಲೇ. ಕೊಳ್ಳುವ ಮುಂಚೆ ಒಳಜೇಬಿನ ಬಳಿಯ ಲೇಬಲ್ಲಿನ ಸ್ಪಷ್ಟ ಫೋಟೊ ಕೇಳಿ. ಕಳಿಸಲು ಹಿಂದೇಟು ಹಾಕಿದರೆ ಅಲ್ಲಿಗೇ ಬಿಡಿ.

ಲೇಬಲ್ಲಿನಲ್ಲಿ 'ಡಿಎಸ್‌ಎ 100-67-ಸಿ' ಎಂದು ಶುರುವಾಗುವ ಸಂಖ್ಯೆ ಇದ್ದರೆ ಅದು ಯುದ್ಧಕಾಲದ ಕೋಟಲ್ಲ. ಡಿಎಸ್‌ಎ ಎಂಬ ಅಮೆರಿಕ ಸೇನೆಯ ಖರೀದಿ ಸಂಸ್ಥೆ ಹುಟ್ಟಿದ್ದೇ 1961ರಲ್ಲಿ. 1977ರಲ್ಲಿ ಅದರ ಹೆಸರು ಡಿಎಲ್‌ಎ ಆಯಿತು. ನಡುವಿನ 67 ಗುತ್ತಿಗೆಯ ಹಣಕಾಸು ವರ್ಷ, ಅಂದರೆ ಜುಲೈ 1966ರಿಂದ ಜೂನ್ 1967. ಕೋಟು ಹೊಲಿದದ್ದು ಅದಾದ ಮೇಲೂ ಇರಬಹುದು, ನಾವಿಕನ ಕೈಗೆ ಬಂದದ್ದು ಇನ್ನೂ ತಡವಾಗಿ. ಜೊತೆಗೆ 8405ರಿಂದ ಶುರುವಾಗುವ ದಾಸ್ತಾನು ಸಂಖ್ಯೆ ಇದ್ದರೆ ಅದರ ಅಂಕಿಗಳನ್ನು ಎಣಿಸಿ. 1974ರವರೆಗೆ 11 ಅಂಕಿ, ಆಮೇಲೆ 13. 67ರ ಗುತ್ತಿಗೆಯ ಪಕ್ಕ 13 ಅಂಕಿ ಕಂಡರೆ ಲೇಬಲ್ಲೇ ಸುಳ್ಳು ಹೇಳುತ್ತಿದೆ.

ಲೇಬಲ್ ಅಸಲಿಯಾಗಿದ್ದು, ಬೇರೆ ಕೋಟಿನಿಂದ ಬಿಚ್ಚಿ ತಂದು ಹೊಲಿದದ್ದೂ ಆಗಿರಬಹುದು. ಅಂಚನ್ನು ಭೂತಗನ್ನಡಿಯಲ್ಲಿ ನೋಡಿ: ಹೊಲಿಗೆಯ ಪಕ್ಕದಲ್ಲಿ ಹಳೆಯ ಸೂಜಿತೂತುಗಳ ಇನ್ನೊಂದು ಸಾಲು ಇದೆಯೇ? ಇದ್ದರೆ ಲೇಬಲ್ ಬದಲಾಗಿರಬಹುದು. ಲೇಬಲ್ಲಿನ ಸುತ್ತ ಲೈನಿಂಗ್ ಮಾಸಿದ್ದು, ಅಂಚಿನಡಿ ಇಣುಕಿದರೆ ಬಣ್ಣ ಗಾಢವಾಗಿ ಉಳಿದಿದೆಯೇ? ಹಾಗಿದ್ದರೆ ಅದು ಬಹುಕಾಲ ಅಲ್ಲೇ ಇದ್ದ ಲೇಬಲ್. ನೇರಳಾತೀತ ಟಾರ್ಚಿನಡಿ ದಾರ ನೀಲಿಯಾಗಿ ಹೊಳೆದರೆ ಅನುಮಾನಪಡಬೇಕು, ಏಕೆಂದರೆ ಬಿಳುಪು ಹೆಚ್ಚಿಸುವ ರಾಸಾಯನಿಕಗಳು ಬಳಕೆಗೆ ವ್ಯಾಪಕವಾಗಿ ಬಂದದ್ದು ಯುದ್ಧದ ನಂತರ. ಆದರೆ ಇಂದಿನ ಡಿಟರ್ಜೆಂಟಿನಲ್ಲಿ ಒಗೆದ ಹಳೆಯ ದಾರವೂ ಹೊಳೆಯುತ್ತದೆ. ಇದೊಂದನ್ನೇ ನಂಬಿ ಕೋಟನ್ನು ತಳ್ಳಿಹಾಕಬಾರದು.

ನನ್ನ ಮಟ್ಟಿಗೆ ಬಟ್ಟೆಯೇ ಮುಖ್ಯ ಸಾಕ್ಷಿ. ಹಳೆಯ ಕೋಟುಗಳದ್ದು ಕೆರ್ಸಿ ಉಣ್ಣೆ: ಒತ್ತಾದ ನೇಯ್ಗೆ, ಗಾಢ ನೀಲಿ, ಗಜಕ್ಕೆ 30ರಿಂದ 32 ಔನ್ಸ್, ಅಂದರೆ ಸುಮಾರು 900 ಗ್ರಾಂ. 1980ರ ಹೊತ್ತಿಗೆ ಬಂದ ಮೆಲ್ಟನ್ ಎಂಬ ಇನ್ನೊಂದು ಉಣ್ಣೆ ಬಟ್ಟೆ 22ರಿಂದ 24 ಔನ್ಸ್ ಮಾತ್ರ, ಬಣ್ಣವೂ ಕಪ್ಪು. ಹಗಲು ಬೆಳಕಿನಲ್ಲಿ ಕಪ್ಪು ಬಟ್ಟೆಯ ಪಕ್ಕ ಇಟ್ಟರೆ ಕೆರ್ಸಿಯ ನೀಲಿ ತಕ್ಷಣ ಎದ್ದು ಕಾಣುತ್ತದೆ. ಟ್ಯೂಬ್‌ಲೈಟಿನಡಿ ಎರಡೂ ಒಂದೇ. ಒಳಹೊಲಿಗೆಯಿಂದ ಒಂದು ಎಳೆ ತೆಗೆದು ಸುಟ್ಟರೆ ಉಣ್ಣೆ ಕೂದಲು ಸುಟ್ಟ ವಾಸನೆ ಬರಿಸಿ ಪುಡಿಯಾಗುತ್ತದೆ, ಪಾಲಿಯೆಸ್ಟರ್ ಕರಗಿ ಗಟ್ಟಿ ಉಂಡೆಯಾಗುತ್ತದೆ.

ಕೈ ಬೆಚ್ಚಗಿಡುವ ಜೇಬಿನೊಳಗೆ ಕಾರ್ಡುರಾಯ್ ಇರುವುದು ಯುದ್ಧಕಾಲದ ಲಕ್ಷಣ, ಆದರೆ ನಂತರದ ಕೆಲವು ಕೋಟುಗಳಲ್ಲೂ ಅದು ಸಿಗುತ್ತದೆ. ಗುಂಡಿಗಳನ್ನಂತೂ ಕೊನೆಗೆ ನೋಡಿ. ಲಂಗರಿನ ಸುತ್ತ 13 ನಕ್ಷತ್ರಗಳಿರುವುದು ಹಳೆಯ ಮಾದರಿ ನಿಜ, ಆದರೆ ಗುಂಡಿ ಬದಲಿಸುವುದು ಹತ್ತು ನಿಮಿಷದ ಕೆಲಸ.

ಕೊಂಡ ಮೇಲಿನ ಶತ್ರು ನುಸಿ. ಕೋಟನ್ನು ಪ್ಲಾಸ್ಟಿಕ್ ಚೀಲದಲ್ಲಿ ಗಾಳಿಯಾಡದಂತೆ ಮುಚ್ಚಿ, ಮೈನಸ್ 18 ಡಿಗ್ರಿಯ ಫ್ರೀಜರಿನಲ್ಲಿ ಎರಡು ವಾರ ಇಡಿ. ತೆಗೆದ ಮೇಲೆ ಒಂದು ದಿನ ಚೀಲ ಬಿಚ್ಚಬೇಡಿ. ತಣ್ಣಗಿನ ಉಣ್ಣೆಯ ಮೇಲೆ ನೀರು ಕೂರುತ್ತದೆ. ನುಸಿಗುಳಿಗೆಯ ವಾಸನೆ ಉಣ್ಣೆಗೆ ಹಿಡಿದರೆ ಬಿಡಿಸುವುದು ಕಷ್ಟ. ಕರಾವಳಿಯವರು ಮಳೆಗಾಲದಲ್ಲಿ ಬೂಷ್ಟಿನ ಮೇಲೂ ಕಣ್ಣಿಡಬೇಕು. ಇಷ್ಟು ಭಾರದ ಕೋಟನ್ನು ತಂತಿ ಹ್ಯಾಂಗರಿಗೆ ತೂಗುಹಾಕಿದರೆ ಭುಜ ಜೋತುಬೀಳುತ್ತದೆ, ಅಗಲ ಭುಜದ ಮರದ ಹ್ಯಾಂಗರೇ ಬೇಕು.