ಬೂಷ್ಟು ಹಿಡಿದ ರೀಲು

ಕಾಲೇಜಿನ ಸಂಚಿಕೆಗೆ ಏನಾದರೂ ಬರೆದುಕೊಡಿ ಅಂತ ನಾನು ಓದಿದ ಕಾಲೇಜಿನಿಂದ ಫೋನ್ ಬಂದಾಗ ನನಗೆ ಮೊದಲು ನೆನಪಾದದ್ದು ಫಿಸಿಕ್ಸ್ ಲ್ಯಾಬಿನ ಹಿಂದಿನ ಕೋಣೆ. ಅಲ್ಲಿ ಒಂದು 16 ಎಂ.ಎಂ. ಪ್ರೊಜೆಕ್ಟರ್ ಇತ್ತು, ತಗಡಿನ ಡಬ್ಬಿಗಳಲ್ಲಿ ಒಂದಷ್ಟು ರೀಲು ಇದ್ದವು. ಶಿವಮೊಗ್ಗದಲ್ಲಿ ಜಡಿಮಳೆ ಹಿಡಿದು ಅರ್ಧ ಕ್ಲಾಸ್ ಖಾಲಿಯಿದ್ದ ಒಂದು ಮಧ್ಯಾಹ್ನ ನಮ್ಮ ಮೇಷ್ಟ್ರು "ಬನ್ನಿ, ಒಂದು ತೋರಿಸ್ತೀನಿ" ಅಂತ ಕರೆದುಕೊಂಡು ಹೋದರು. ಡಬ್ಬಿ ತೆಗೆದ ಕೂಡಲೇ ವಿನೆಗರ್ ಥರದ ಹುಳಿ ವಾಸನೆ ಮೂಗಿಗೆ ಹೊಡೆಯಿತು.

ಭತ್ತದ ನಾಟಿ ಬಗ್ಗೆ ಒಂದು ಸಾಕ್ಷ್ಯಚಿತ್ರ ಅದು. ರೀಲಿಗೆ ಬೂಷ್ಟು ಹಿಡಿದಿತ್ತು. ಹೆಂಗಸರು ಬಗ್ಗಿ ನಾಟಿ ಮಾಡುತ್ತಿದ್ದಾರೆ, ಅವರ ಬೆನ್ನ ಮೇಲೆ, ಗದ್ದೆ ನೀರಿನ ಮೇಲೆ ಕವಲು ಕವಲಾದ ಬಿಳಿ ಗೆರೆಗಳು ಕುಣಿಯುತ್ತಿವೆ. ಸೆಕೆಂಡಿಗೆ 24 ಫ್ರೇಮು, ಒಂದೊಂದರಲ್ಲೂ ಬೂಷ್ಟಿನ ಆಕಾರ ಬೇರೆ, ಅದಕ್ಕೇ ಕುಣಿತ. ಒಬ್ಬಳು ತಲೆಯೆತ್ತಿ ನಮ್ಮ ಕಡೆ ನೋಡಿದಳು, ಅಷ್ಟರಲ್ಲಿ ಒಂದು ಮಚ್ಚೆ ಬಂದು ಅವಳ ಮುಖವನ್ನೇ ನುಂಗಿತು. "ಸರ್, ಇನ್ನೊಂದು ಸಲ" ಅಂದೆ. ನಾಲ್ಕು ಸಲ ಹಾಕಿದರು.

ಫಿಲ್ಮಿನ ಮೇಲೆ ಚಿತ್ರವನ್ನು ಹಿಡಿದಿಡುವುದು ಜೆಲಟಿನ್, ದನದ ಮೂಳೆ ಚರ್ಮ ಬೇಯಿಸಿ ತೆಗೆದದ್ದು, ಬೂಷ್ಟಿಗೆ ಅದೇ ಊಟ ಅಂತ ಮೇಷ್ಟ್ರು ಹೇಳಿದರು. "ಅಡಿಕೆಗೆ ಕೊಳೆ ಬಂದ್ರೆ ಬೋರ್ಡೋ ಮದ್ದು ಹೊಡೀತೀವಿ. ಇದಕ್ಕೆ ಮದ್ದಿಲ್ಲ." ಕೆಟ್ಟುಹೋದ ಮೂರು ಅಡಿ ಫಿಲ್ಮ್ ಕತ್ತರಿಸಿ ನನ್ನ ಕೈಗೆ ಕೊಟ್ಟರು. ಅಡಿಗೆ 40 ಫ್ರೇಮಿನಂತೆ 120 ಫ್ರೇಮು. ಅಮ್ಮನ ಪಿನ್ನು ತಗೊಂಡು ಒಂದು ವಾರ ಒಂದೊಂದನ್ನೇ ಕೆರೆದೆ, ಪರದೆ ಮೇಲೆ ಐದು ಸೆಕೆಂಡಿನ ಮಳೆ ಬಂತು. ಅದೇ ನನ್ನ ಮೊದಲ ಸಿನಿಮಾ. ನಾರ್ಮನ್ ಮೆಕ್‌ಲಾರೆನ್ ಅನ್ನುವವರು ಕೆನಡಾದಲ್ಲಿ ಕ್ಯಾಮೆರಾ ಇಲ್ಲದೆ ಫಿಲ್ಮಿನ ಮೇಲೇ ಗೀಚಿ ಚಿತ್ರ ಮಾಡುತ್ತಿದ್ದರು ಅಂತ ಗೊತ್ತಾದದ್ದು ಎಷ್ಟೋ ವರ್ಷದ ಮೇಲೆ.

ಆಮೇಲೆ ಶರಾವತಿ ಮುಳುಗಡೆಯವರ ಬಗ್ಗೆ ಚಿತ್ರ ಮಾಡಿದೆ. 1964ರಲ್ಲಿ ಲಿಂಗನಮಕ್ಕಿ ಅಣೆಕಟ್ಟಾಗಿ ಊರೂರೇ ನೀರಿಗೆ ಹೋಯಿತು, ಮಡೆನೂರಿನ ಹಳೇ ಹಿರೇಭಾಸ್ಕರ ಅಣೆಕಟ್ಟೂ ಹೋಯಿತು. ಹಿನ್ನೀರು ತುಂಬಾ ಇಳಿದ ಬೇಸಿಗೆಯಲ್ಲಿ ಅದು ಮೇಲೆ ಕಾಣುತ್ತದೆ. ಹಾಗೆ ನೀರು ಇಳಿದಿದ್ದಾಗ ಒಬ್ಬ ಅಜ್ಜಿ ಬರಿಗಾಲಲ್ಲಿ ಕೆಸರಿಗಿಳಿದು ಎರಡು ಕಲ್ಲು ತೋರಿಸಿ "ಇದು ನಮ್ಮ ಬಚ್ಚಲ ಒಲೆ" ಅಂದರು. ಆ ದೃಶ್ಯದ ಒಂದು ಪ್ರಿಂಟನ್ನು ಅದೇ ಕೆಸರಲ್ಲಿ ಒಂದು ವಾರ ಹೂತಿಟ್ಟೆ. ತೆಗೆದಾಗ ಅಂಚೆಲ್ಲ ಕರಗಿತ್ತು, ಅಜ್ಜಿಯ ಕೈ ಉಳಿದಿತ್ತು.

ಒಂದು ಚಿತ್ರೋತ್ಸವದವರು ಪ್ರಿಂಟ್ ಕೆಟ್ಟಿದೆ ಅಂತ ವಾಪಸ್ ಕಳಿಸಿದರು. ತುಂಬಾ ಬೇಜಾರಾಯಿತು. ಅಜ್ಜಿಯ ಅಂಗಳದಲ್ಲಿ ಪಂಚೆಯನ್ನೇ ಪರದೆಯಾಗಿ ಕಟ್ಟಿ ಆ ಪ್ರಿಂಟ್ ಹಾಕಿ ತೋರಿಸಿದೆ. ಅವರು ನೋಡುತ್ತಾ ನೋಡುತ್ತಾ ಪರದೆ ಹತ್ತಿರ ಹೋಗಿ, ಕರಗಿದ ಅಂಚನ್ನು ಬೆರಳಲ್ಲಿ ಮುಟ್ಟಿ, "ಮೊದಲ ವರ್ಷ ನೀರು ಇಲ್ಲಿವರೆಗೆ ಬಂದಿತ್ತು" ಅಂದರು.

ಆ ಡಬ್ಬಿಗಳು ಲ್ಯಾಬಿನ ಹಿಂದೆ ಇನ್ನೂ ಇವೆಯಾ? ಇದ್ದರೆ ದಯವಿಟ್ಟು ಎಸೆಯಬೇಡಿ. ಮಳೆಗಾಲಕ್ಕೆ ಮುಂಚೆ ನೆಲದಿಂದ ಎತ್ತಿ ಗಾಳಿಯಾಡುವ ಕಡೆ ಇಡಿ. ದಸರಾ ರಜೆಗೆ ಬರುತ್ತೇನೆ, ಪ್ರೊಜೆಕ್ಟರ್ ಬಲ್ಬ್ ನಾನೇ ತರುತ್ತೇನೆ.